ಪಂಡರಿಬಾಯಿ: ಮಾತು ಕೇಳುವ ಮುಖ



ನನ್ನ ಊರು ಸಾಗರ ತಾಲ್ಲೂಕಿನ ವರದಹಳ್ಳಿ. ಶ್ರೀಧರ ಸ್ವಾಮಿಗಳ ಆಶ್ರಮವಿರುವ ಊರೆಂದು ನಿಮ್ಮಲ್ಲಿ ಅನೇಕರು ಅಲ್ಲಿಗೆ ಬಂದಿರಬಹುದು. ಶ್ರೀಧರತೀರ್ಥವನ್ನು ತಲೆಗೆ ಹಾಕಿಕೊಂಡು, ಮೆಟ್ಟಿಲು ಹತ್ತಿ, ಸಮಾಧಿಗೆ ನಮಸ್ಕರಿಸಿ, ಪ್ರಸಾದದ ಊಟ ಮಾಡಿಕೊಂಡು ಹಿಂತಿರುಗಿರಬಹುದು. ಅಂಥ ಊರಿನವನು ಈ ಹೊತ್ತು ಸಿನಿಮಾ ನಟಿಯೊಬ್ಬರ ಬಗ್ಗೆ ಮಾತನಾಡಲು ಕುಳಿತಿದ್ದಾನಲ್ಲ ಎಂದು ನಿಮಗೆ ಅನ್ನಿಸಿದರೆ ತಪ್ಪಿಲ್ಲ. ಆದರೆ ಒಮ್ಮೆ ಭೂಪಟ ತೆಗೆದು ನೋಡಿ. ನಮ್ಮ ಕಡೆಯಿಂದ ಪಶ್ಚಿಮಕ್ಕೆ ಹೊರಟು, ಕಾರ್ಗಲ್ ದಾಟಿ, ಕೋಗಾರು ಘಾಟಿಯ ತಿರುವುಗಳಲ್ಲಿ ಇಳಿದರೆ ಸಿಕ್ಕುವ ಊರು ಭಟ್ಕಳ. ಅಲ್ಲಿಯ ಮೀನು ಘಟ್ಟ ಹತ್ತಿ ನಮ್ಮ ಕಡೆಗೆ ಬರುತ್ತದೆ, ಅಲ್ಲಿಯ ಮಲ್ಲಿಗೆ ಹೂವೂ ಬರುತ್ತದೆ. ಆ ಊರು ಕನ್ನಡ ಚಿತ್ರರಂಗಕ್ಕೆ ಅಕ್ಕ ತಂಗಿಯರಿಬ್ಬರನ್ನು ಕೊಟ್ಟಿತು. ತಂಗಿ ಮೈನಾವತಿ. ಅಕ್ಕ ಪಂಡರಿಬಾಯಿ. ನಾನು ಇವತ್ತು ಹೇಳಹೊರಟಿರುವುದು ಅಕ್ಕನ ಕಥೆಯನ್ನು.

ಕಥೆಗೆ ಮೊದಲು ನನ್ನದೇ ಒಂದು ತಪ್ಪನ್ನು ಒಪ್ಪಿಕೊಳ್ಳಬೇಕು. ಕೆಲವು ವರ್ಷಗಳ ಹಿಂದೆ ಹಳೆಯ ಕನ್ನಡ ಚಿತ್ರಗಳನ್ನು ಕುರಿತು ಅರ್ಧ ಗಂಟೆಯ ಒಂದು ಕಾರ್ಯಕ್ರಮ ಸಿದ್ಧಪಡಿಸುತ್ತಿದ್ದೆ. ಅದರಲ್ಲಿ ‘ಬೇಡರ ಕಣ್ಣಪ್ಪ’ ಚಿತ್ರದ ಒಂದು ತುಣುಕು ಇತ್ತು. ಸಂಕಲನ ಮುಗಿಯುವ ಹೊತ್ತಿಗೆ ನಿಗದಿತ ಸಮಯಕ್ಕಿಂತ 40 ಸೆಕೆಂಡು ಹೆಚ್ಚಾಗಿತ್ತು. ನಮ್ಮ ವೃತ್ತಿಯಲ್ಲಿ 40 ಸೆಕೆಂಡು ಎಂದರೆ ಸಣ್ಣ ಕಾಲವಲ್ಲ. ಮುಂದಿನ ಕಾರ್ಯಕ್ರಮ ನಮ್ಮ ಸಲುವಾಗಿ ಕಾಯುವುದಿಲ್ಲ. ಮಾತನ್ನು ಕತ್ತರಿಸಿದರೆ ಅರ್ಥ ಕೆಡುತ್ತದೆ. ಹಾಡನ್ನು ಕತ್ತರಿಸಿದರೆ ನೀವು ಕಾಗದ ಬರೆಯುತ್ತೀರಿ. ಹಾಗಾಗಿ ನಾನು ಸುಲಭದ ದಾರಿ ಹಿಡಿದೆ. ನಾಯಕ ಮಾತನಾಡುತ್ತಿರುವಾಗ ಹೆಂಡತಿ ಸುಮ್ಮನೆ ನಿಂತು ಕೇಳುವ ದೃಶ್ಯಭಾಗಗಳು ಅಲ್ಲಲ್ಲಿ ಇದ್ದವಲ್ಲ, ಅವನ್ನು ಒಂದೊಂದಾಗಿ ತೆಗೆದುಹಾಕಿದೆ. ಲೆಕ್ಕ ಸರಿಹೋಯಿತು. ಕಾರ್ಯಕ್ರಮ ಪ್ರಸಾರವಾಯಿತು.

ಆ ದಿನ ನಾನು ಊರಿನಲ್ಲಿದ್ದೆ. ಅಮ್ಮನಿಗೆ ಆಗಲೇ ಕಿವಿ ಮಂದವಾಗಿತ್ತು. ಟಿ.ವಿ.ಯ ಧ್ವನಿಯನ್ನು ಎಷ್ಟು ಹೆಚ್ಚಿಸಿದರೂ ಅವಳಿಗೆ ಅರ್ಧ ತಲುಪುತ್ತಿತ್ತು, ಉಳಿದರ್ಧವನ್ನು ಮುಖಗಳನ್ನು ನೋಡಿ ತುಂಬಿಕೊಳ್ಳುತ್ತಿದ್ದಳು. ಕಾರ್ಯಕ್ರಮ ಮುಗಿದ ಮೇಲೆ ಮಗನ ಹೆಸರು ತೆರೆಯ ಮೇಲೆ ಬಂತೆಂದು ಸಂತೋಷಪಡುತ್ತಾಳೆ ಎಂದುಕೊಂಡಿದ್ದೆ. ಅವಳು ಕೇಳಿದ್ದೇ ಬೇರೆ. “ಅಪ್ಪಿ, ಅವ ಮಾತಾಡುವಾಗ ಪಂಡರಿಬಾಯಿ ಕೇಳ್ತಾ ನಿಂತಿರ್ತಿದ್ಲಲಾ, ಅದನ್ನ ಎಂತಕ್ಕೆ ತೆಗೆದೆ?” ಎಂದಳು. ಆ ಚಿತ್ರವನ್ನು ಅವಳು ಬಹಳ ಹಿಂದೆ ಸಾಗರದಲ್ಲಿ ನೋಡಿದ್ದಳು. ಇಷ್ಟು ವರ್ಷಗಳ ನಂತರ ಅವಳ ನೆನಪಿನಲ್ಲಿ ಉಳಿದಿದ್ದದ್ದು ನಾನು ಯಾವುದನ್ನು ಬೇಡದ್ದೆಂದು ಕತ್ತರಿಸಿದ್ದೆನೋ ಅದೇ.

ನನಗೆ ಉತ್ತರ ಹೊಳೆಯಲಿಲ್ಲ. ಬೆಂಗಳೂರಿಗೆ ಮರಳಿದ ಮೇಲೆ ಪಂಡರಿಬಾಯಿಯವರ ಚಿತ್ರಗಳನ್ನು ಒಂದೊಂದಾಗಿ ಹುಡುಕಿ ನೋಡಲು ಕುಳಿತೆ. ನಾನು ವಿಜ್ಞಾನ ಓದಿದವನು. ಒಂದು ಪ್ರಶ್ನೆ ಹುಟ್ಟಿದರೆ ಮಾದರಿಗಳನ್ನು ಕಲೆಹಾಕಿ ಪರೀಕ್ಷಿಸಬೇಕು ಎಂಬುದೊಂದೇ ಅಲ್ಲಿಂದ ನನಗೆ ಉಳಿದಿರುವ ವಿದ್ಯೆ.

ಪಂಡರಿಬಾಯಿಯವರು ಹುಟ್ಟಿದ್ದು ಹರಿಕಥೆಯ ನಂಟಿದ್ದ ಮನೆಯಲ್ಲಿ. ಹುಟ್ಟಿದಾಗ ಇಟ್ಟ ಹೆಸರು ಗೀತಾ. ಅವರ ಬಾಲ್ಯದಲ್ಲಿ ಭಟ್ಕಳ ಮುಂಬಯಿ ಪ್ರಾಂತ್ಯಕ್ಕೆ ಸೇರಿತ್ತು; ಘಟ್ಟದ ಮೇಲಿನ ಸಾಗರ ಮೈಸೂರು ಸಂಸ್ಥಾನದಲ್ಲಿತ್ತು. ಆಡಳಿತ ಬೇರೆಯಾದರೂ ರಾತ್ರಿಯ ಹೊತ್ತು ದೇವಸ್ಥಾನದ ಅಂಗಳದಲ್ಲಿ ನಡೆಯುತ್ತಿದ್ದ ಸಂಗತಿಗಳು ಎರಡೂ ಕಡೆ ಒಂದೇ. ಒಂದು ಕಡೆ ಯಕ್ಷಗಾನ, ಇನ್ನೊಂದು ಕಡೆ ಹರಿಕಥೆ. ಚಿಕ್ಕ ವಯಸ್ಸಿನಲ್ಲೇ ಅವರು ಹರಿಕಥೆ ಮಾಡುತ್ತಿದ್ದರು. ಪುಟ್ಟ ಹುಡುಗಿ ಚಿಟಿಕೆ ಹಿಡಿದು ಸಭೆಯ ಎದುರು ನಿಲ್ಲುವುದೆಂದರೆ ಆ ಕಾಲಕ್ಕೆ ಸಾಮಾನ್ಯ ಸಂಗತಿಯಲ್ಲ.

ಹರಿಕಥೆಯನ್ನು ನಾನೂ ಆಶ್ರಮದ ಉತ್ಸವಗಳಲ್ಲಿ ಕೇಳಿ ಬೆಳೆದವನು. ಸಜ್ಜನಗಡದ ರಾಮದಾಸೀ ಪರಂಪರೆಯಿಂದ ಬಂದ ಸ್ವಾಮಿಗಳ ಸ್ಥಳವಾದ್ದರಿಂದ ಕೀರ್ತನೆ ಭಜನೆಗಳಿಗೆ ಅಲ್ಲಿ ಬರವಿರಲಿಲ್ಲ. ದಾಸರು ಒಬ್ಬರೇ. ಅವರೇ ಸೀತೆ, ಅವರೇ ರಾವಣ, ಅವರೇ ಹನುಮಂತ, ಕೊನೆಗೆ ಮರದ ಕೊಂಬೆಯೂ ಅವರೇ. ವೇಷವಿಲ್ಲ, ಬಣ್ಣವಿಲ್ಲ. ಮುಖ ಎಡಕ್ಕೆ ತಿರುಗಿದರೆ ಒಂದು ಪಾತ್ರ, ಬಲಕ್ಕೆ ತಿರುಗಿದರೆ ಇನ್ನೊಂದು. ರಾವಣನ ಮಾತು ಮುಗಿದು ಸೀತೆಯ ಮಾತು ಆರಂಭವಾಗುವ ನಡುವೆ ಒಂದು ಕ್ಷಣ ಇರುತ್ತದೆ ನೋಡಿ, ಆ ಕ್ಷಣದಲ್ಲಿ ದಾಸರು ಆಗತಾನೇ ತಾವೇ ಆಡಿದ ಮಾತನ್ನು ಸೀತೆಯಾಗಿ ಕೇಳಿಸಿಕೊಳ್ಳುತ್ತಾರೆ. ಒಳ್ಳೆಯ ದಾಸರಿಗೂ ಸಾಧಾರಣ ದಾಸರಿಗೂ ಇರುವ ವ್ಯತ್ಯಾಸ ಅಲ್ಲೇ ತಿಳಿಯುವುದು. ಸಾಧಾರಣರು ಉತ್ತರಕ್ಕೆ ಹಾರಿಬಿಡುತ್ತಾರೆ. ಬಲ್ಲವರು ಮೊದಲು ಕೇಳುತ್ತಾರೆ. ಪಂಡರಿಬಾಯಿಯವರ ಅಭಿನಯದ ಬೇರು ಇದೇ ಕ್ಷಣದಲ್ಲಿದೆ ಎಂಬುದು ನನ್ನ ನಂಬಿಕೆ.

ಅವರ ಮೊದಲ ಚಿತ್ರ ‘ವಾಣಿ’, 1943ರದು. ಪಿಟೀಲು ವಿದ್ವಾನ್ ಟಿ. ಚೌಡಯ್ಯನವರ ಚಿತ್ರವದು. ಆಗಿನ ಕನ್ನಡ ಚಿತ್ರೋದ್ಯಮ ಎಂದರೆ ವರ್ಷಕ್ಕೆ ಒಂದೆರಡು ಚಿತ್ರ. ಕೆಲವು ವರ್ಷ ಒಂದೂ ಇಲ್ಲ. ಸ್ಟುಡಿಯೋ, ಪ್ರಯೋಗಶಾಲೆ, ಬಂಡವಾಳ ಎಲ್ಲವೂ ಮದರಾಸಿನಲ್ಲಿ. ನಟನೆಯಿಂದಲೇ ಬದುಕಬೇಕು ಎಂದವರು ಆ ಊರಿಗೆ ಹೋಗಲೇಬೇಕಿತ್ತು, ತಮಿಳು ಕಲಿಯಲೇಬೇಕಿತ್ತು. ಬಾಯಿಯವರು ಹೋದರು, ಕಲಿತರು. ಎ.ವಿ.ಎಂ. ಸಂಸ್ಥೆ ಹಿಂದಿಯಲ್ಲಿ ತೆಗೆದ ‘ಬಹಾರ್’ ಚಿತ್ರದಲ್ಲೂ 1951ರಲ್ಲಿ ಅವರಿಗೆ ಪಾತ್ರ ಸಿಕ್ಕಿತು. ಮರುವರ್ಷ ‘ಪರಾಶಕ್ತಿ’.

ಎಂ. ಕರುಣಾನಿಧಿ ಸಂಭಾಷಣೆ ಬರೆದ, ಕೃಷ್ಣನ್–ಪಂಜು ನಿರ್ದೇಶಿಸಿದ ‘ಪರಾಶಕ್ತಿ’ 1952ರ ದೀಪಾವಳಿಗೆ ತೆರೆ ಕಂಡಿತು. ಶಿವಾಜಿ ಗಣೇಶನ್ ಎಂಬ ನಾಟಕದ ಹುಡುಗನಿಗೆ ಅದು ಮೊದಲ ಚಿತ್ರ. ಹುಡುಗ ಸಣಕಲಾಗಿದ್ದಾನೆ, ಬೇರೆಯವರನ್ನು ಹಾಕೋಣ ಎಂಬ ಮಾತು ಸ್ಟುಡಿಯೋದಲ್ಲಿ ನಡೆದಿತ್ತೆಂಬುದು ಈಗ ಎಲ್ಲರೂ ಬಲ್ಲ ಕಥೆ. ನಾಯಕಿಯಾಗಿ ಎದುರಿಗಿದ್ದವರು ಪಂಡರಿಬಾಯಿ, ಸಿನಿಮಾದಲ್ಲಿ ಅವನಿಗಿಂತ ಬಹಳ ಹಿರಿಯರು. ಆ ಚಿತ್ರ ಪ್ರಸಿದ್ಧವಾದದ್ದು ಶಿವಾಜಿಯವರ ನ್ಯಾಯಾಲಯದ ಮಾತುಗಳಿಂದ. ಆದರೆ ಹಸಿವಿನಿಂದ ಅಲೆದು ಕೆರಳಿದ ಆ ಯುವಕನಿಗೆ, ನಿನ್ನ ಸಿಟ್ಟು ನಿನ್ನ ಮನೆಯೊಂದರದೇ ಅಲ್ಲ, ಇಡೀ ಸಮಾಜದ್ದು ಎಂದು ಮನಗಾಣಿಸುವವಳು ವಿಮಲಾ, ಅಂದರೆ ನಮ್ಮ ಭಟ್ಕಳದ ಹುಡುಗಿ. ತಮಿಳುನಾಡಿನ ರಾಜಕೀಯಕ್ಕೆ ತಿರುವು ಕೊಟ್ಟಿತೆನ್ನುವ ಚಿತ್ರದಲ್ಲಿ ನಾಯಕನಿಗೆ ಬುದ್ಧಿ ಹೇಳಿದ ಹೆಣ್ಣು ಕನ್ನಡದವಳು ಎಂಬುದನ್ನು ನಾವು ಅಷ್ಟಾಗಿ ಹೇಳಿಕೊಂಡದ್ದಿಲ್ಲ.

1954 ಅವರ ಪಾಲಿನ ದೊಡ್ಡ ವರ್ಷ. ಏಪ್ರಿಲ್‌ನಲ್ಲಿ ತಮಿಳಿನ ‘ಅಂದ ನಾಳ್’, ಮೇ ತಿಂಗಳಲ್ಲಿ ಕನ್ನಡದ ‘ಬೇಡರ ಕಣ್ಣಪ್ಪ’. ಎರಡಕ್ಕೂ ಎ.ವಿ.ಎಂ. ಸ್ಟುಡಿಯೋದ ನಂಟು, ಎರಡರಲ್ಲೂ ಅವರು ನಾಯಕಿ. ಒಂದರಲ್ಲಿ ಪಟ್ಟಣದ ವಿದ್ಯಾವಂತ ಹೆಂಡತಿ, ಇನ್ನೊಂದರಲ್ಲಿ ಕಾಡಿನ ಬೇಡತಿ.

‘ಅಂದ ನಾಳ್’ ಬಗ್ಗೆ ಸ್ವಲ್ಪ ನಿಧಾನವಾಗಿ ಹೇಳಬೇಕು. ಇದನ್ನು ನಿರ್ದೇಶಿಸಿದವರು ವೀಣೆಯ ಎಸ್. ಬಾಲಚಂದರ್. ಸಂಗೀತಗಾರನೇ ನಿರ್ದೇಶಕನಾದರೂ ಚಿತ್ರದಲ್ಲಿ ಒಂದು ಹಾಡಿಲ್ಲ, ಒಂದು ನೃತ್ಯವಿಲ್ಲ. 1954ರಲ್ಲಿ ಹಾಡಿಲ್ಲದ ತಮಿಳು ಚಿತ್ರ ಎಂದರೆ ಒಗ್ಗರಣೆಯಿಲ್ಲದ ಸಾರು. 1943ರಲ್ಲಿ ಜಪಾನೀಯರು ಮದರಾಸಿನ ಮೇಲೆ ಬಾಂಬು ಹಾಕಿದರಲ್ಲ, ಅದರ ಮರುದಿನ ಬೆಳಿಗ್ಗೆ ರೇಡಿಯೋ ಎಂಜಿನಿಯರ್ ಒಬ್ಬ ತನ್ನ ಮನೆಯಲ್ಲಿ ಗುಂಡೇಟಿನಿಂದ ಸತ್ತುಬಿದ್ದಿರುತ್ತಾನೆ. ಕೊಂದವರು ಯಾರು? ತಮ್ಮ, ತಮ್ಮನ ಹೆಂಡತಿ, ನೆರೆಮನೆಯವ, ಪರಿಚಯದ ನರ್ತಕಿ, ಹೆಂಡತಿ ಹೀಗೆ ಒಬ್ಬೊಬ್ಬರೂ ಒಂದೊಂದು ಕಥೆ ಹೇಳುತ್ತಾರೆ. ಕುರೊಸಾವನ ‘ರಾಶೋಮನ್’ ನೆನಪಾಗುತ್ತದೆ. ಆ ಚಿತ್ರವನ್ನು ನಾನು ಮೊದಲು ನೋಡಿದ್ದು ನಮ್ಮ ಹೆಗ್ಗೋಡಿನ ನೀನಾಸಂನಲ್ಲಿ. ಕೆ.ವಿ. ಸುಬ್ಬಣ್ಣನವರು 1973ರಲ್ಲಿ ಅಲ್ಲಿ ಚಿತ್ರಸಮಾಜವನ್ನು ಕಟ್ಟಿರದಿದ್ದರೆ ನನ್ನಂಥವರು ಸಿನಿಮಾ ನೋಡುವುದನ್ನು ಎಂದೂ ಕಲಿಯುತ್ತಿರಲಿಲ್ಲ, ಅದು ಬೇರೆ ಮಾತು.

ಸತ್ತ ಎಂಜಿನಿಯರ್ ರಾಜನ್, ಅಂದರೆ ಶಿವಾಜಿ, ಬಡವರ ಕೈಗೂ ಎಟುಕುವಂತೆ ಅಗ್ಗದ ರೇಡಿಯೋ ತಯಾರಿಸಬೇಕೆಂದು ಕನಸು ಕಂಡವನು. ಅವನ ಬುದ್ಧಿಗೆ ಇಲ್ಲಿ ಬೆಲೆ ಸಿಗಲಿಲ್ಲ. ಮನಸ್ಸು ಕಹಿಯಾಗಿ ಶತ್ರುವಿಗೆ ಗುಟ್ಟು ಮಾರುವವನಾದ. ಪ್ರಸಾರದ ಕೆಲಸದಲ್ಲಿರುವ ನನಗೆ ಈ ಮನುಷ್ಯನ ಮೇಲೆ ಕೋಪಕ್ಕಿಂತ ಮರುಕವೇ ಹೆಚ್ಚು. ಅವನನ್ನು ಪ್ರೀತಿಸಿ ಮದುವೆಯಾದ ಉಷಾ ಪಾತ್ರದಲ್ಲಿ ಪಂಡರಿಬಾಯಿ. ಗಂಡ ದೇಶದ್ರೋಹಿ ಎಂದು ಅವಳಿಗೆ ತಿಳಿಯುತ್ತದೆ. ಕೊನೆಗೆ ಗುಂಡು ಹಾರುವುದು ಅವಳ ಕೈಯ ಪಿಸ್ತೂಲಿನಿಂದ. ಎಪ್ಪತ್ತು ವರ್ಷದ ಹಿಂದಿನ ಚಿತ್ರದ ಗುಟ್ಟನ್ನು ಹೇಳಿಬಿಟ್ಟೆನೆಂದು ಬೈಯಬೇಡಿ; ಗುಟ್ಟು ತಿಳಿದ ಮೇಲೆ ನೋಡಿದರೆ ಚಿತ್ರ ಇನ್ನೂ ಚೆನ್ನಾಗಿ ಕಾಣುತ್ತದೆ. ಏಕೆಂದರೆ ಚಿತ್ರದುದ್ದಕ್ಕೂ ಉಳಿದವರು ಮಾತನಾಡುವಾಗ ಅವಳು ಕೇಳುತ್ತಾ ಕುಳಿತಿರುವುದನ್ನು ನೀವು ಎರಡನೆಯ ಸಲ ಬೇರೆ ಕಣ್ಣಿನಿಂದ ನೋಡುತ್ತೀರಿ. ಮೊದಲ ಸಲ ಅದು ಶೋಕ. ಎರಡನೆಯ ಸಲ ಅದೇ ಮುಖದಲ್ಲಿ ಎಲ್ಲವನ್ನೂ ಬಲ್ಲವಳ ಭಾರ. ಬದಲಾದದ್ದು ನಾವು, ಅವರ ಮುಖ ಎರಡಕ್ಕೂ ಮೊದಲೇ ಸಿದ್ಧವಾಗಿತ್ತು. ನಿರ್ದೇಶಕರ ಜಾಣತನಕ್ಕೆ ಅದರಲ್ಲಿ ಪಾಲಿದೆ, ಅಲ್ಲವೆನ್ನಲಾರೆ. ಆದರೂ ಹಾಡಿನ ಆಸರೆಯಿಲ್ಲದೆ, ಹೆಚ್ಚು ಮಾತಿಲ್ಲದೆ ಆ ಭಾರವನ್ನು ಹೊತ್ತವರು ನಟಿ.

ಇನ್ನು ‘ಬೇಡರ ಕಣ್ಣಪ್ಪ’. ಎಚ್.ಎಲ್.ಎನ್. ಸಿಂಹ ನಿರ್ದೇಶನ, ಗುಬ್ಬಿ ವೀರಣ್ಣನವರ ಸಂಸ್ಥೆಯ ಪಾಲುಗಾರಿಕೆ, ಮುತ್ತುರಾಜ್ ಎಂಬ ರಂಗನಟ ರಾಜ್‌ಕುಮಾರ್ ಆಗಿ ನಾಯಕನಾದ ಚಿತ್ರ. ನರಸಿಂಹರಾಜು ಅವರೂ ಆ ಚಿತ್ರದಿಂದಲೇ ಬಂದವರು. ರಾಷ್ಟ್ರಪ್ರಶಸ್ತಿಯ ಅರ್ಹತಾಪತ್ರವೂ ಅದಕ್ಕೆ ದೊರೆಯಿತು. ಇವೆಲ್ಲ ಕ್ವಿಜ್ ಕಾರ್ಯಕ್ರಮಗಳಿಂದ ನಿಮಗೆ ಬಾಯಿಪಾಠ. ದಿಣ್ಣನ ಹೆಂಡತಿ ನೀಲಾ ಆಗಿ ನಟಿಸಿದವರು ಪಂಡರಿಬಾಯಿ, ಆದ್ದರಿಂದ ಅವರು ಡಾ. ರಾಜ್‌ ಅವರ ಮೊದಲ ನಾಯಕಿ ಎಂಬುದೂ ಗೊತ್ತು. ಎರಡು ವರ್ಷಗಳೊಳಗೆ ದಕ್ಷಿಣದ ಇಬ್ಬರು ಮಹಾನಟರು ನಾಯಕರಾದ ಮೊದಲ ಚಿತ್ರಕ್ಕೆ ನಾಯಕಿಯಾದವರು ಇವರು. ಹೊಸಬನೊಬ್ಬ ಕ್ಯಾಮೆರಾದ ಮುಂದೆ ನಿಂತಾಗ ಅವನಿಗೆ ಮೊದಲು ಬೇಕಾದದ್ದು ಏನು? ತನ್ನ ಮಾತನ್ನು ಎದುರಿಗಿರುವವರು ನಿಜವಾಗಿ ಕೇಳುತ್ತಿದ್ದಾರೆ ಎಂಬ ಧೈರ್ಯ. ರಂಗಭೂಮಿಯಲ್ಲಿ ಆ ಧೈರ್ಯವನ್ನು ಪ್ರೇಕ್ಷಕರು ಕೊಡುತ್ತಾರೆ. ಸ್ಟುಡಿಯೋದಲ್ಲಿ ಪ್ರೇಕ್ಷಕರಿಲ್ಲ, ಬಿಸಿ ದೀಪಗಳು, ಬೆವರೊರೆಸುವ ಮೇಕಪ್ಪಿನವ ಅಷ್ಟೇ. ಆ ಎರಡೂ ಚಿತ್ರಗಳನ್ನು ನೋಡುವಾಗ ನನಗೆ ಅನ್ನಿಸುವುದು, ರಂಗದಿಂದ ಬಂದ ಆ ಇಬ್ಬರಿಗೆ ಸ್ಟುಡಿಯೋದೊಳಗೆ ಪ್ರೇಕ್ಷಕಳಾಗಿ ನಿಂತವರು ಈಕೆಯೇ. ನಾನು ಕತ್ತರಿಸಿದ್ದು ಅದನ್ನೇ.

ನಂತರ ‘ಸೋದರಿ’, ‘ಸಂತ ಸಖು’, ‘ಹರಿಭಕ್ತ’, ‘ರಾಯರ ಸೊಸೆ’. ಇವುಗಳಲ್ಲಿ 1955ರ ‘ಸಂತ ಸಖು’ ಅವರಿಗೆ ಹೇಳಿಮಾಡಿಸಿದ ಕಥೆ. ಪಂಢರಪುರಕ್ಕೆ ಹೋಗಬೇಕೆಂದು ಹಂಬಲಿಸಿದ ಸೊಸೆಯನ್ನು ಮನೆಯವರು ಕಟ್ಟಿಹಾಕುತ್ತಾರೆ. ವಿಠಲನೇ ಅವಳ ರೂಪದಲ್ಲಿ ಬಂದು ಮನೆಗೆಲಸ ಮಾಡುತ್ತಾನೆ. ಹೆಸರಿನಲ್ಲೇ ಪಂಢರಪುರವನ್ನಿಟ್ಟುಕೊಂಡು, ಹರಿಕಥೆ ಹೇಳಿ ಬೆಳೆದವರು ಆ ಪಾತ್ರ ಮಾಡುವುದೆಂದರೆ ತವರಿಗೆ ಹೋಗಿ ಬಂದಂತೆ. 1957ರ ‘ರಾಯರ ಸೊಸೆ’ಯಲ್ಲಿ ದೇವರು ಬರುವುದಿಲ್ಲ, ಸೊಸೆಯ ಪಾಡು ಮಾತ್ರ ಇದೆ. ಎರಡು ವರ್ಷಗಳ ನಂತರ ಬಂದ ‘ಅಬ್ಬಾ ಆ ಹುಡುಗಿ’ಯಲ್ಲಿ ಅಕ್ಕ ತಂಗಿ ಇಬ್ಬರೂ ಇದ್ದರು, ಗಂಡಸರೆಂದರೆ ಉರಿದುಬೀಳುವ ಹುಡುಗಿಯಾಗಿ ಮೈನಾವತಿ ಜನರ ಬಾಯಲ್ಲಿ ಉಳಿದರು. ಅದೇ 1959ರಲ್ಲಿ ಎಸ್.ಎಸ್. ವಾಸನ್ ಅವರ ಹಿಂದಿ ಚಿತ್ರ ‘ಪೈಗಾಮ್’ನಲ್ಲಿ ಪಂಡರಿಬಾಯಿ ಬಾಂಬೆಯ ನಟ ರಾಜ್‌ಕುಮಾರ್‌ಗೆ ಹೆಂಡತಿ. ಹೀಗೆ ಎರಡು ಭಾಷೆಗಳ ಇಬ್ಬರು ರಾಜ್‌ಕುಮಾರರ ಸಂಸಾರ ನಡೆಸಿದ ಕೀರ್ತಿಯೂ ಅವರದು.

ಇಲ್ಲಿಂದ ಮುಂದೆ ಕಥೆ ಬೇರೆ ದಾರಿ ಹಿಡಿಯುತ್ತದೆ. ಕಪ್ಪುಬಿಳುಪಿನ ಕಾಲ ಮುಗಿಯುತ್ತಾ ಬಂತು. ಹೊಸ ನಾಯಕಿಯರು ಬಂದರು. ನಾಯಕರು ಮಾತ್ರ ಹಳಬರೇ ಉಳಿದರು. ಆಗ ಒಂದು ಲೆಕ್ಕ ಶುರುವಾಯಿತು. ನೋಡಿ, ಎಂ.ಜಿ.ಆರ್. ಹುಟ್ಟಿದ್ದು 1917ರಲ್ಲಿ. ಪಂಡರಿಬಾಯಿ ಅವರಿಗಿಂತ ಹತ್ತು ವರ್ಷಕ್ಕೂ ಹೆಚ್ಚು ಚಿಕ್ಕವರು. 1965ರ ‘ಎಂಗ ವೀಟ್ಟು ಪಿಳ್ಳೈ’ಯಲ್ಲಿ ಅವರು ಎಂ.ಜಿ.ಆರ್.ಗೆ ಅಕ್ಕ. ಮೂರೇ ವರ್ಷ ಕಳೆದು ‘ಕುಡಿಯಿರುಂದ ಕೋಯಿಲ್’ನಲ್ಲಿ ತಾಯಿ. ಆಗ ನಾಯಕನಿಗೆ 51. ತಾಯಿಗೆ ನಲವತ್ತರ ಆಸುಪಾಸು. ನಾನು ಓದಿದ ಯಾವ ಜೀವಶಾಸ್ತ್ರದಲ್ಲೂ ಇದಕ್ಕೆ ವಿವರಣೆ ಇಲ್ಲ.

ನಗು ಬರುತ್ತದೆ, ಆದರೆ ಇದು ಒಂದು ಊರಿನ, ಒಂದು ದೇಶದ ಮಾತಲ್ಲ. ದೂರದ ಮೆಕ್ಸಿಕೋದಲ್ಲಿ ಸಾರಾ ಗಾರ್ಸಿಯಾ ಎಂಬ ನಟಿ ಇದ್ದರು. 1895ರಲ್ಲಿ ಹುಟ್ಟಿ 1980ರಲ್ಲಿ ತೀರಿಕೊಂಡವರು. ನಲವತ್ತರ ಆಸುಪಾಸಿನಲ್ಲೇ ಅಜ್ಜಿಯ ಪಾತ್ರ ಒಪ್ಪುವಂತೆ ಕಾಣಬೇಕೆಂದು ಗಟ್ಟಿಯಿದ್ದ ಹಲ್ಲುಗಳನ್ನೇ ಕೀಳಿಸಿಕೊಂಡರೆಂದು ಅವರ ಬಗ್ಗೆ ಹೇಳುತ್ತಾರೆ. ದೇಶಕ್ಕೆ ದೇಶವೇ ಅವರನ್ನು ಮೆಕ್ಸಿಕೋದ ಅಜ್ಜಿ ಎಂದು ಕರೆಯಿತು. ಅಲ್ಲಿಯ ಕುಡಿಯುವ ಚಾಕೊಲೇಟಿನ ಪೊಟ್ಟಣದ ಮೇಲೆ ಅವರ ಮುಖವನ್ನೇ ಅಚ್ಚು ಹಾಕಿದರು. ಗೌರವವೇನೋ ದೊಡ್ಡದು. ಆದರೆ ಆ ಪಟ್ಟದ ಮೇಲೆ ಕೂತವರಿಗೆ ಮತ್ತೆ ಕೆಳಗಿಳಿಯಲು ಯಾರೂ ಬಿಡುವುದಿಲ್ಲ. ಪಂಡರಿಬಾಯಿಯವರನ್ನೂ ನಾವು ಹಾಗೆಯೇ ಕೂರಿಸಿದೆವು. ಬಿಳಿ ಸೀರೆ, ಹಣೆಯ ಮೇಲೆ ಹಿಟ್ಟು ಬಳಿದ ನರೆಗೂದಲು, ಕೈಯಲ್ಲಿ ಆರತಿ ತಟ್ಟೆ. ಅವರು ನಟಿಸಿದ ಚಿತ್ರಗಳು ಸಾವಿರಕ್ಕೂ ಮಿಗಿಲು ಎಂದು ಬರೆಯುತ್ತಾರೆ. ಅರವತ್ತು ವರ್ಷಗಳಿಗೆ ಹಂಚಿದರೂ ವರ್ಷಕ್ಕೆ 17 ಬರುತ್ತದೆ. ಆ ಸಾವಿರದಲ್ಲಿ ಎಷ್ಟರಲ್ಲಿ ಅವರಿಗೆ ಒಂದು ನಿಜವಾದ ದೃಶ್ಯ ಇತ್ತು ಎಂಬ ಲೆಕ್ಕವನ್ನು ಯಾರೂ ಹಾಕುವುದಿಲ್ಲ.

ಕೆಲವು ಚಿತ್ರಗಳಲ್ಲಿ ಇತ್ತು. ತ್ರಿವೇಣಿಯವರ ಕಾದಂಬರಿಯನ್ನು ಆಧರಿಸಿ ಪುಟ್ಟಣ್ಣ ಕಣಗಾಲ್ 1967ರಲ್ಲಿ ತೆಗೆದ ‘ಬೆಳ್ಳಿಮೋಡ’ ಅಂಥದ್ದು. ಎಲ್ಲರೂ ಅದನ್ನು ಕಲ್ಪನಾ ಅವರ ಚಿತ್ರ ಎನ್ನುತ್ತಾರೆ, ಸರಿಯೇ. ಆದರೆ ಕಥೆಯ ಕೀಲಿ ಇರುವುದು ತಾಯಿಯ ಬಳಿ. ತೋಟದ ಸಾಹುಕಾರರಿಗೆ ಒಬ್ಬಳೇ ಮಗಳು ಇಂದಿರಾ. ಅಳಿಯನಾಗುವವನನ್ನು ತಮ್ಮ ದುಡ್ಡಿನಲ್ಲೇ ಪರದೇಶಕ್ಕೆ ಓದಲು ಕಳಿಸಿದ್ದಾರೆ. ಆಗ ವರ್ಷಗಟ್ಟಲೆ ಬಿಡುವಿನ ಮೇಲೆ ತಾಯಿ ಮತ್ತೆ ಬಸುರಿಯಾಗುತ್ತಾಳೆ. ಗಂಡು ಮಗು ಹುಟ್ಟುತ್ತದೆ, ತಾಯಿ ಸಾಯುತ್ತಾಳೆ. ಆಸ್ತಿಗೆ ವಾರಸುದಾರ ಬಂದನೆಂದು ತಿಳಿದ ಭಾವೀ ಅಳಿಯ ಮನಸ್ಸು ಬದಲಾಯಿಸುತ್ತಾನೆ.

ಮದುವೆಗೆ ಬಂದ ಮಗಳ ಎದುರು ಬಸುರಿಯಾಗಿ ನಿಲ್ಲಬೇಕಾದ ಹೆಂಗಸಿನ ಪಾಡನ್ನು ಯೋಚಿಸಿ. ಸಂತೋಷ ಪಡಬೇಕೋ ನಾಚಬೇಕೋ ತಿಳಿಯದು. ಇದು ಕಥೆಯೊಳಗಿನ ಮಾತಷ್ಟೇ ಅಲ್ಲ. ಹಿಂದೆ ನಮ್ಮ ಮಲೆನಾಡಿನ ದೊಡ್ಡ ಮನೆಗಳಲ್ಲಿ ಅತ್ತೆ ಸೊಸೆಯರ ಬಾಣಂತನ ಒಂದೇ ಕೋಣೆಯಲ್ಲಿ ನಡೆದದ್ದುಂಟು, ಅದನ್ನು ಯಾರೂ ಬಾಯಿಬಿಟ್ಟು ಮಾತನಾಡುತ್ತಿರಲಿಲ್ಲ. ಪಂಡರಿಬಾಯಿ ಅಲ್ಲಿ ಅಳುವ ತಾಯಿಯಲ್ಲ. ಅಶ್ವತ್ಥ್ ಅವರ ಎದುರು ಅವರ ಮುಖದಲ್ಲಿ ನಾಚಿಕೆ, ಭಯ, ಆಸೆ ಮೂರೂ ಒಟ್ಟಿಗೆ ಕಾಣುತ್ತವೆ. ಅವರಿಗೆ ಆಗ ಅಂಥ ವಯಸ್ಸೂ ಆಗಿರಲಿಲ್ಲ, ನಾಯಕಿಯಾಗಿಯೇ ಇರಬಹುದಾಗಿತ್ತು.

ಇನ್ನೊಂದು, 1973ರ ತಮಿಳು ಚಿತ್ರ ‘ಗೌರವಂ’. ಇಲ್ಲಿ ಶಿವಾಜಿ ಗಣೇಶನ್ ಅವರದು ದ್ವಿಪಾತ್ರ. ಒಬ್ಬ ಗರ್ವಿಷ್ಠ ಬ್ಯಾರಿಸ್ಟರ್. ಇನ್ನೊಬ್ಬ ಅವನು ಸಾಕಿ ಬೆಳೆಸಿದ ತಮ್ಮನ ಮಗ, ಅವನೂ ವಕೀಲ. ಒಂದೇ ಮೊಕದ್ದಮೆಯಲ್ಲಿ ಇಬ್ಬರೂ ಎದುರುಬದುರಾಗುತ್ತಾರೆ. ಬ್ಯಾರಿಸ್ಟರನ ಮಕ್ಕಳಿಲ್ಲದ ಹೆಂಡತಿ ಪಂಡರಿಬಾಯಿ. ‘ಪರಾಶಕ್ತಿ’ಯಲ್ಲಿ ಯಾರಿಗೆ ನಾಯಕಿಯಾಗಿದ್ದರೋ ಅದೇ ನಟನಿಗೆ ಇಲ್ಲಿ ಒಂದೇ ಚಿತ್ರದಲ್ಲಿ ಹೆಂಡತಿಯೂ ಹೌದು, ತಾಯಿಯಂಥ ದೊಡ್ಡಮ್ಮನೂ ಹೌದು. ನಮ್ಮ ಕಸುಬಿನ ಒಂದು ಸಂಗತಿಯನ್ನು ಇಲ್ಲಿ ಹೇಳಬೇಕು. ಕಂಪ್ಯೂಟರ್ ಇಲ್ಲದ ಆ ಕಾಲದಲ್ಲಿ ದ್ವಿಪಾತ್ರದ ದೃಶ್ಯಗಳನ್ನು ತೆಗೆಯುವಾಗ ಲೆನ್ಸಿನ ಅರ್ಧವನ್ನು ಮುಚ್ಚಿ ಒಮ್ಮೆ, ಫಿಲ್ಮನ್ನು ಹಿಂದಕ್ಕೆ ಸುತ್ತಿ ಉಳಿದರ್ಧದಲ್ಲಿ ಇನ್ನೊಮ್ಮೆ ಚಿತ್ರಿಸುವುದಿತ್ತು. ಇಲ್ಲವೆ ಬೆನ್ನು ತೋರಿಸುವ ಬದಲಿ ಮನುಷ್ಯನನ್ನು ನಿಲ್ಲಿಸುತ್ತಿದ್ದರು. ದ್ವಿಪಾತ್ರದ ನಟನಿಗೆ ಅದು ಕಷ್ಟ ಎಂದು ಎಲ್ಲರೂ ಹೊಗಳುತ್ತಾರೆ. ಇಬ್ಬರ ನಡುವೆ ನಿಲ್ಲುವವರ ಕಷ್ಟ ಅದಕ್ಕಿಂತ ಹೆಚ್ಚು. ಖಾಲಿ ಗೋಡೆಯನ್ನು ನೋಡುತ್ತಾ, ಅಲ್ಲಿ ಗಂಡ ನಿಂತಿದ್ದಾನೆ, ಮಗನನ್ನು ಬೈಯುತ್ತಿದ್ದಾನೆ ಎಂದು ಭಾವಿಸಿಕೊಂಡು ಕಣ್ಣನ್ನು ಸರಿಯಾದ ಎತ್ತರದಲ್ಲಿ ನಿಲ್ಲಿಸಬೇಕು. ಒಂದಂಗುಲ ತಪ್ಪಿದರೂ ಮೋಸ ಬಯಲಾಗುತ್ತದೆ. ಒಬ್ಬರೇ ನಿಂತು, ಇಲ್ಲದ ರಾವಣನ ಮಾತನ್ನು ಸೀತೆಯಾಗಿ ಕೇಳಿಸಿಕೊಂಡ ಅಭ್ಯಾಸ ಇಂಥ ಕಡೆ ಕೈಬಿಟ್ಟಿರಲಾರದು.

1986ರಲ್ಲಿ ಎಂ.ಎಸ್. ರಾಜಶೇಖರ್ ನಿರ್ದೇಶನದ ‘ಅನುರಾಗ ಅರಳಿತು’ ಬಂತು. ಕಾಯಿಲೆಯ ತಾಯಿಯನ್ನು ನೋಡಿಕೊಳ್ಳುವ ಮಗನಾಗಿ ಡಾ. ರಾಜ್‌ಕುಮಾರ್, ತಾಯಿಯಾಗಿ ಪಂಡರಿಬಾಯಿ. ನೀಲಾ ಮತ್ತು ದಿಣ್ಣನಾಗಿ 32 ವರ್ಷ ಕಳೆದಿತ್ತು. ಇಬ್ಬರೂ ಹೆಚ್ಚುಕಡಿಮೆ ಸಮವಯಸ್ಕರು. ಅದೇ ಕಥೆ 1992ರಲ್ಲಿ ತಮಿಳಿನಲ್ಲಿ ‘ಮನ್ನನ್’ ಆದಾಗ ರಜನೀಕಾಂತ್‌ಗೂ ಅವರೇ ತಾಯಿ. ಮಗ ತಾಯಿಯನ್ನು ಹೊತ್ತುಕೊಂಡು ದೇವಸ್ಥಾನಕ್ಕೆ ಹೋಗುವ ಹಾಡೊಂದು ಅದರಲ್ಲಿದೆ. ಯೇಸುದಾಸ್ ಹಾಡಿದ್ದು, ಇಳಯರಾಜಾ ಸಂಗೀತ. ತಮಿಳುನಾಡಿನಲ್ಲಿ ಅದು ತಾಯಂದಿರ ಹಾಡು ಎಂದೇ ಪ್ರಸಿದ್ಧ. ಹಾಡುವವನು ಮಗ. ತಾಯಿ ಕೇಳುತ್ತಾಳೆ, ಅಷ್ಟೇ. ಹಾಡನ್ನು ಧ್ವನಿಯಿಲ್ಲದೆ ಒಮ್ಮೆ ನೋಡಿ ಎಂದು ನಾನು ನಿಮ್ಮನ್ನು ಕೇಳಿಕೊಳ್ಳುತ್ತೇನೆ. ಯಂತ್ರದಲ್ಲಿ ಧ್ವನಿ ಅಡಗಿಸಿ ನಾನು ನೋಡಿದ್ದೇನೆ. ಅಮ್ಮ ಹೇಗೆ ನೋಡುತ್ತಿದ್ದಳೋ ಹಾಗೆ.

ಹಳೆಯ ಚಿತ್ರಗಳನ್ನು ಹುಡುಕುತ್ತಾ ಹೋದವನಿಗೆ ಇನ್ನೊಂದು ಕಷ್ಟ ಎದುರಾಯಿತು. ‘ವಾಣಿ’ಯ ಕಾಲದ ಫಿಲ್ಮು ಸೆಲ್ಯುಲೋಸ್ ನೈಟ್ರೇಟಿನದು. ಬೆಂಕಿಗೆ ಸುಲಭದ ತುತ್ತು. ಸುಮ್ಮನಿಟ್ಟರೂ ತನ್ನಷ್ಟಕ್ಕೆ ತಾನೇ ಕೊಳೆತು ಅಂಟಾಗಿ ಕೊನೆಗೆ ಪುಡಿಯಾಗುತ್ತದೆ. 1950ರ ನಂತರ ಬಂದದ್ದು ಅಸಿಟೇಟ್ ಫಿಲ್ಮು. ಅದು ಬೆಂಕಿಗೆ ಅಷ್ಟು ಬೇಗ ಬಲಿಯಾಗದು, ಆದರೆ ಸೆಕೆ ಮತ್ತು ತೇವ ಸೇರಿದರೆ ಅದರಿಂದ ವಿನೆಗರ್ ವಾಸನೆಯ ಆಮ್ಲ ಹೊರಡುತ್ತದೆ. ಆ ಆಮ್ಲವೇ ಮತ್ತಷ್ಟು ಕೊಳೆಯುವಿಕೆಗೆ ಕಾರಣ. ಅಡಿಕೆ ತೋಟದವರಿಗೆ ಇದನ್ನು ವಿವರಿಸಬೇಕಾಗಿಲ್ಲ, ಕೊಳೆರೋಗವಿದ್ದ ಹಾಗೆ. ಒಂದು ಡಬ್ಬಿಗೆ ಹಿಡಿದರೆ ಪಕ್ಕದ ಡಬ್ಬಿಗೂ ದಾಟುತ್ತದೆ. ನಮಗೆ ಬೋರ್ಡೋ ದ್ರಾವಣವಾದರೂ ಇದೆ. ಇದಕ್ಕೆ ತಣ್ಣಗಿನ, ಒಣ ಕೋಣೆ ಒಂದೇ ಔಷಧ. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಆರಂಭವಾದದ್ದು 1964ರಲ್ಲಿ. ಕನ್ನಡ ಮಾತನಾಡುವ ಚಿತ್ರ ಹುಟ್ಟಿ ಆಗಲೇ 30 ವರ್ಷ ಕಳೆದಿತ್ತು. ದಾಸರ ಹರಿಕಥೆ ರಾತ್ರಿ ಮುಗಿದರೆ ಮುಗಿಯಿತು, ಅದು ಅದರ ಸ್ವಭಾವ. ಸಿನಿಮಾ ಹಾಗಲ್ಲ, ಉಳಿಯುತ್ತದೆ ಎಂದು ನಂಬಿ ಬಂದವರು ಇವರು. ಫಿಲ್ಮನ್ನು ತೇವ ತಿನ್ನುತ್ತದೆ. ತೇವ ಬಿಟ್ಟದ್ದನ್ನು ನನ್ನಂಥವರು 40 ಸೆಕೆಂಡಿನ ಲೆಕ್ಕಕ್ಕೆ ಕತ್ತರಿಸುತ್ತೇವೆ.

ಅವರ ಕೊನೆಯ ವರ್ಷಗಳು ಸುಲಭದ್ದಾಗಿರಲಿಲ್ಲ. 1990ರ ದಶಕದಲ್ಲಿ ಅಪಘಾತವೊಂದರಲ್ಲಿ ಒಂದು ಕೈ ಕಳೆದುಕೊಂಡರು. ಆರತಿ ತಟ್ಟೆ ಹಿಡಿಸಿ, ಆಶೀರ್ವಾದಕ್ಕೆ ಎತ್ತಿಸಿ, ನಾವು ಮತ್ತೆ ಮತ್ತೆ ದುಡಿಸಿಕೊಂಡ ಕೈ. 2003ರ ಜನವರಿ 29ರಂದು ಚೆನ್ನೈನಲ್ಲಿ ತೀರಿಕೊಂಡರು. ಮುಂದೆ ಕಿರುತೆರೆಯ ಧಾರಾವಾಹಿಗಳನ್ನೂ ನಿರ್ಮಿಸಿದ ತಂಗಿ ಮೈನಾವತಿಯವರು 2012ರ ನವೆಂಬರ್‌ನಲ್ಲಿ ಹೋದರು. ನಾನು ಇಬ್ಬರನ್ನೂ ಕಂಡವನಲ್ಲ. ಅಕ್ಕ ತೀರಿಕೊಂಡಾಗ ನಾನು ಈ ಕೆಲಸಕ್ಕೆ ಹೊಸಬ. ಒಂದು ಸಂದರ್ಶನ ಮಾಡಬಹುದಾಗಿತ್ತೆಂಬ ಯೋಚನೆ ಕೂಡ ಆಗ ಬಂದಿರಲಿಲ್ಲ.

ನನ್ನ ಆ ಅರ್ಧ ಗಂಟೆಯ ಕಾರ್ಯಕ್ರಮ ಮರುಪ್ರಸಾರಕ್ಕೆ ಬಂದಾಗ ಮತ್ತೆ ಸಂಕಲನದ ಕೋಣೆಗೆ ಹೋದೆ. ತೆಗೆದಿದ್ದನ್ನೆಲ್ಲ ಇದ್ದ ಜಾಗಕ್ಕೆ ಹಿಂತಿರುಗಿಸಿದೆ. ಮತ್ತೆ 40 ಸೆಕೆಂಡು ಹೆಚ್ಚಾಯಿತು. ಈ ಸಲ ನಿರೂಪಣೆಗೆ ನಾನೇ ಬರೆದಿದ್ದ ಎರಡು ಸೊಗಸಾದ ಪ್ಯಾರಾಗಳನ್ನು ಕಿತ್ತುಹಾಕಿದೆ. ಅವು ಇಲ್ಲದ್ದು ಯಾರಿಗೂ ತಿಳಿಯಲಿಲ್ಲ. ಪ್ರಸಾರದ ಸಂಜೆ ವರದಹಳ್ಳಿಯ ಮನೆಯಲ್ಲಿ ಅಮ್ಮನ ಪಕ್ಕ ಕುಳಿತಿದ್ದೆ. ಹೊರಗೆ ಮಳೆ ಹಿಡಿದಿತ್ತು, ಹೆಂಚಿನ ಮೇಲಿನ ಸದ್ದಿಗೆ ನನಗೂ ಟಿ.ವಿ.ಯ ಮಾತು ಸರಿಯಾಗಿ ಕೇಳುತ್ತಿರಲಿಲ್ಲ. ‘ಬೇಡರ ಕಣ್ಣಪ್ಪ’ದ ತುಣುಕು ಬಂತು. ದಿಣ್ಣ ಮಾತನಾಡುತ್ತಿದ್ದ. ನೀಲಾ ಕೇಳುತ್ತಿದ್ದಳು. ಅಮ್ಮ ಅಡಿಕೆ ಹೋಳು ಮಾಡುತ್ತಿದ್ದ ಕೈಯನ್ನು ನಿಲ್ಲಿಸಿ ನೋಡಿದಳು. ತುಣುಕು ಮುಗಿದ ಮೇಲೆ ಅಡಕತ್ತರಿ ಮತ್ತೆ ಕೆಲಸ ಶುರು ಮಾಡಿತು.